ಹತ್ತು ಗಂಟೆಗೆ ಸ್ಟಾರ್ಟ್ ಆಗುತ್ತಿದ್ದ ಕಾರು

ನಮ್ಮ ಕಾರಿನ ಮೀಟರ್ ಬೋರ್ಡಿನಲ್ಲಿ ಹಳದಿ ಬಣ್ಣದ ಇಂಜಿನ್ ಚಿತ್ರ ಮೊದಲ ಸಲ ಹೊತ್ತಿಕೊಂಡದ್ದು ಮುಡಿಪು ಊರಿನ ಏರುರಸ್ತೆಯಲ್ಲಿ. ನನ್ನ ಗಂಡನನ್ನು ಮಂಗಳೂರು ಕಡೆಯ ಆಸ್ಪತ್ರೆಗೆ ಕರೆದುಕೊಂಡು ಹೋಗುತ್ತಿದ್ದೆ. ಹದಿನೈದು ದಿನಕ್ಕೊಮ್ಮೆ ಅಲ್ಲಿನ ಫಿಸಿಯೋಥೆರಪಿಯ ಹುಡುಗಿ ಅವರ ಎಡಗಾಲು, ಎಡಗೈ ನೋಡಿ ವ್ಯಾಯಾಮ ಹೇಳಿಕೊಡುತ್ತಿದ್ದಳು. ಆ ಚಿತ್ರ ಹೊತ್ತಿದ್ದೇ ತಡ, ಕಾರಿನ ಶಕ್ತಿಯೇ ಉಡುಗಿಹೋಯಿತು. ಎಷ್ಟು ತುಳಿದರೂ ಎರಡನೇ ಗೇರಿನಲ್ಲಿ ತೆವಳುವುದು ಬಿಟ್ಟರೆ ಬೇರೆ ಮಾತಿಲ್ಲ. ಹಿಂದಿನಿಂದ ಲಾರಿಯವನು ಹಾರನ್ ಒತ್ತಿ ಹಿಡಿದ. ಒಬ್ಬ ಆಟೋದವನು ನಮ್ಮನ್ನು ದಾಟುವಾಗ ನನ್ನ ಮುಖ ನೋಡಿ ನಕ್ಕ. ಹೆಂಗಸು ಗಾಡಿ ಬಿಡುತ್ತಿದ್ದಾಳೆ ಎಂಬ ನಗು ಅದು, ನನಗೆ ಗೊತ್ತಾಗದ್ದಲ್ಲ.

"ಕ್ಲಚ್ಚಿನ ಮೇಲೆ ಕಾಲು ಇಟ್ಟಿದ್ದೀಯಾ?" ಎಂದು ಕೇಳಿದರು ಇವರು.

"ಇಲ್ಲ."

"ಮತ್ತೆ ಎಂತ ಆದದ್ದು ಇದಕ್ಕೆ?"

ನನಗೇನು ಗೊತ್ತು? ನಾನು ಕಾರು ಕಲಿತದ್ದೇ ಐವತ್ತು ದಾಟಿದ ಮೇಲೆ. ಇವರು ಇಪ್ಪತ್ತು ವರ್ಷಕ್ಕೂ ಮಿಕ್ಕಿ ಗಲ್ಫಿನಲ್ಲಿ ಒಂದು ಕಂಪನಿಯ ಗಾಡಿ ಓಡಿಸಿದವರು. ಹಿಂದಿನ ಸೀಟಿನಲ್ಲಿ ಕೂತವರು ಎಡಕ್ಕೆ ಎಂದರೆ ಎಡಕ್ಕೆ, ಬಲಕ್ಕೆ ಎಂದರೆ ಬಲಕ್ಕೆ. ಕಡೆಗೆ ಸಾಕೆಂದು ಊರಿಗೆ ಬಂದವರು ಮೊದಲು ಮಾಡಿದ ಕೆಲಸ ಈ ಹೊಸ ಡೀಸೆಲ್ ಕಾರು ತಂದದ್ದು. ಹಿಂದೆ ಕೂತು ಆರ್ಡರ್ ಮಾಡುವವರು ಯಾರೂ ಇಲ್ಲದ ಗಾಡಿ ಎಂದು ಹೇಳಿಕೊಂಡು ತಿರುಗುತ್ತಿದ್ದರು. ಒಂದೂವರೆ ವರ್ಷ ತಿರುಗಿದರು. ಒಂದು ಬೆಳಿಗ್ಗೆ ಅಂಗಳದಲ್ಲಿ ಹಲ್ಲುಜ್ಜುತ್ತಾ ನಿಂತವರು ಎಡಕ್ಕೆ ವಾಲಿ ಕುಸಿದರು.

ಪಾರ್ಶ್ವವಾಯು ಎಂದ ಡಾಕ್ಟರು ಎರಡು ಮಾತು ಹೇಳಿದ್ದರು. ಇನ್ನು ಸ್ಟೇರಿಂಗ್ ಮುಟ್ಟುವ ಹಾಗಿಲ್ಲ. ಮತ್ತೊಮ್ಮೆ ಮಾತು ತೊದಲಿದರೆ, ಬಾಯಿ ಓರೆಯಾದರೆ ಒಂದು ನಿಮಿಷವೂ ಕಾಯದೆ ಕರೆದುಕೊಂಡು ಬರಬೇಕು. ವರ್ಕಾಡಿಯ ನಮ್ಮ ಮೂಲೆಗೆ ಆಂಬುಲೆನ್ಸ್ ದಾರಿ ಕೇಳಿಕೊಂಡು ಬಂದು ಮುಟ್ಟುವಷ್ಟರಲ್ಲಿ ನಾವೇ ಆಸ್ಪತ್ರೆಯ ಗೇಟಿನಲ್ಲಿರಬಹುದು. ಹಾಗಾಗಿ ನಾನು ಕಾರು ಕಲಿತೆ. ಶೋಕಿಗಲ್ಲ. ಆ ಒಂದು ದಿನ ಬಂದರೆ ಕಾರು ಸ್ಟಾರ್ಟ್ ಆಗಬೇಕು, ಓಡಬೇಕು, ನನಗೆ ಅಷ್ಟೇ ಬೇಕಾಗಿದ್ದದ್ದು. ಆಫೀಸಿಗೆ ಬಸ್ಸಿನಲ್ಲೇ ಹೋಗುತ್ತಿದ್ದೆ. ಕಾರು ಶೆಡ್ಡಿನಲ್ಲಿ ಇವರಿಗಾಗಿ ನಿಂತಿರುತ್ತಿತ್ತು.

ಈಗ ಆ ಕಾರೇ ಏರಿನಲ್ಲಿ ಏದುಸಿರು ಬಿಡುತ್ತಿತ್ತು. ಅವತ್ತು ಹೇಗೋ ಹೋಗಿ ಬಂದೆವು. ಹೊಸಂಗಡಿಯಲ್ಲಿ ಒಬ್ಬ ಮೆಕ್ಯಾನಿಕ್ಕಿಗೆ ತೋರಿಸಿದೆ, ಸೆನ್ಸರ್ ಹಾಳಾಗಿದೆ ಎಂದರು. ಇನ್ನೊಬ್ಬರು ಯಾವ ಕಡೆಯ ಡೀಸೆಲ್ ಎಂದು ಕೇಳಿದರು. ರಾಜ್ಯದ ಗಡಿಯಾಚೆ ಮಂಗಳೂರು ಕಡೆಯದ್ದು ಎಂದೆ. ನಮ್ಮ ಕಡೆಯವರು ಎಲ್ಲರೂ ಅಲ್ಲೇ ಹಾಕಿಸುವುದು, ಅಲ್ಲಿ ರೇಟು ಕಡಿಮೆ. ಅವರು ಎಲ್ಲ ಗೊತ್ತಾದವರ ಹಾಗೆ ತಲೆ ಅಲ್ಲಾಡಿಸಿ, ಪಂಪ್ ಬದಲಿಸಿ ಎಂದರು. ಬದಲಿಸಿದೆ. ಚಿತ್ರ ಮಾತ್ರ ಹೊತ್ತಿಕೊಂಡೇ ಇತ್ತು.

ಬೇರೆಯವರ ಬಾಯಿಂದ ಸೆನ್ಸರ್ ಸೆನ್ಸರ್ ಎಂದು ಕೇಳಿ ನನ್ನ ತಲೆ ಕೆಟ್ಟುಹೋಯಿತು. ನಾನು ವಿದ್ಯಾನಗರದ ಸಿವಿಲ್ ಸ್ಟೇಷನ್ನಿನಲ್ಲಿ, ಅಂದರೆ ಕಲೆಕ್ಟರೇಟಿನಲ್ಲಿ, ಗುಮಾಸ್ತೆ. ಮಲೆಯಾಳದಲ್ಲಿ ಬಂದ ಆರ್ಡರುಗಳನ್ನು ಓದಿ ಕನ್ನಡಕ್ಕೆ ಇಳಿಸುವುದೇ ಕೆಲಸ. ಸರ್ಕಾರದ ಭಾಷೆಯೇ ಅರ್ಥವಾಗುವವಳಿಗೆ ಕಾರಿನ ಭಾಷೆ ಅರ್ಥವಾಗುವುದಿಲ್ಲವೇ ಎಂಬ ಸೊಕ್ಕು. ಬೆಂಕಿಪೆಟ್ಟಿಗೆಯಷ್ಟು ದೊಡ್ಡ ಸ್ಕ್ಯಾನರ್ ಒಂದನ್ನು ಫೋನಿನಲ್ಲೇ ಆರ್ಡರ್ ಮಾಡಿ ತರಿಸಿದೆ. ಸ್ಟೇರಿಂಗಿನ ಕೆಳಗೆ ಒಂದು ಸಾಕೆಟ್ ಇದೆ, ಅದಕ್ಕೆ ಚುಚ್ಚಬೇಕು. ಆಮೇಲೆ ಕಾರಿನ ದೋಷವೆಲ್ಲ ಫೋನಿನಲ್ಲಿ ಕಾಣುತ್ತದೆ.

ಒಂದು ಭಾನುವಾರ ಕಾರಿನ ಬಾಗಿಲು ತೆರೆದು, ಮಂಡಿಯೂರಿ, ತಲೆ ಒಳಗೆ ಹಾಕಿ ಆ ಸಾಕೆಟ್ಟನ್ನು ಹುಡುಕಿದೆ. ಇವರು ಜಗಲಿಯಲ್ಲಿ ಕೂತು ನೋಡುತ್ತಿದ್ದರು. ಫೋನಿನಲ್ಲಿ ಪಿ 2463 ಎಂದು ಬಂತು. ಕೆಳಗೆ ಇಂಗ್ಲಿಷಿನಲ್ಲಿ ವಿವರಣೆ: ಹೊಗೆಯ ಮಸಿ ಹಿಡಿದಿಡುವ ಫಿಲ್ಟರಿನಲ್ಲಿ ಮಸಿ ತುಂಬಿದೆ. ಅದರ ಪಕ್ಕದಲ್ಲೇ ದೋಷ ಅಳಿಸಬೇಕೇ ಎಂದು ಕೇಳುವ ಒಂದು ಗುಂಡಿ. ನಾನು ಒತ್ತಿದೆ. ಹಳದಿ ಚಿತ್ರ ಆರಿಹೋಯಿತು.

"ಹೋಯ್ತಾ?" ಎಂದರು ಜಗಲಿಯಿಂದ.

"ಹೋಯ್ತು."

ಪಕ್ಕದ ಮನೆಯ ಬೀಡಿ ಕಟ್ಟುವ ಅಕ್ಕ ತನ್ನ ಜಗಲಿಯಿಂದ ಕತ್ತು ಚಾಚಿ ನೋಡಿದಳು. ನಾನು ಆಫೀಸಿಗೆ ಹೋದಾಗ ಇವರಿಗೆ ಮಧ್ಯಾಹ್ನ ಗಂಜಿ ಬಡಿಸುವವಳು ಅವಳೇ. "ನೋಡಿದ್ರಾ, ನಮ್ಮಲ್ಲಿ ಈಗ ಒಬ್ಬರು ಇಂಜಿನಿಯರ್ ಇದ್ದಾರೆ," ಎಂದು ಇವರು ಅವಳಿಗೆ ಹೇಳಿದರು. ಕಾಯಿಲೆ ಬಂದ ಮೇಲೆ ಇವರು ಚೇಷ್ಟೆ ಮಾಡಿದ್ದು ಕಡಿಮೆ. ನನಗೆ ಆ ದಿನವೆಲ್ಲ ಖುಷಿಯಾಗಿತ್ತು.

ಮೂರು ವಾರದಲ್ಲಿ ಚಿತ್ರ ಮತ್ತೆ ಬಂತು. ಅಳಿಸಿದೆ. ಮತ್ತೆ ಬಂತು, ಮತ್ತೆ ಅಳಿಸಿದೆ. ಆಮೇಲೆ ಹೆದರಿಕೆಯಾಗಿ ಉಪ್ಪಳದಲ್ಲಿ ಇವರ ಪರಿಚಯದ ಒಬ್ಬ ಮೆಕ್ಯಾನಿಕ್ಕಿನ ಹತ್ತಿರ ಕೊಂಡುಹೋದೆ. ಅವನೂ ಗಲ್ಫಿನಲ್ಲಿದ್ದು ಬಂದವನೇ, ಕೆಲಸದಲ್ಲಿ ಚುರುಕು. ಅವನು ತನ್ನ ದೊಡ್ಡ ಮೆಷಿನನ್ನು ಚುಚ್ಚಿ ನೋಡಿ ನನ್ನ ಕಡೆ ತಿರುಗಿದ.

"ನೀವು ಲೈಟ್ ಅಳಿಸಿದ್ದೀರಿ ಅಲ್ವಾ ಅಕ್ಕ?"

"ಹೌದು."

"ಎಷ್ಟು ಸಲ?"

"ಎರಡು," ಎಂದೆ. ಮೂರು ಸಲ ಅಳಿಸಿದ್ದೆ.

"ಲೈಟ್ ಮಾತ್ರ ಹೋದದ್ದು. ಮಸಿ ಅಲ್ಲೇ ಉಂಟು." ಅವನು ಕಾರಿನಡಿ ಕೈ ತೋರಿಸಿದ. "ಹಳೇ ಡೀಸೆಲ್ ಗಾಡಿ ಹೊಗೆಯನ್ನು ಹೊರಗೆ ಬಿಡ್ತಿತ್ತು. ಇದು ಹಾಗಲ್ಲ, ಹೊಟ್ಟೆಯೊಳಗೆ ಇಟ್ಟುಕೊಳ್ತದೆ. ರಸ್ತೆಯಲ್ಲಿ ಅರ್ಧ ಗಂಟೆ ಒಳ್ಳೆ ಬಿಸಿಯಾಗಿ ಓಡಿದರೆ ಅದೇ ಸುಟ್ಟುಕೊಳ್ತದೆ. ನಿಂತಲ್ಲೇ ಇಂಜಿನ್ ಇಟ್ಟರೆ ತುಂಬುತ್ತಲೇ ಹೋಗ್ತದೆ. ದಿನಾ ನಿಂತಲ್ಲಿ ಸ್ಟಾರ್ಟ್ ಮಾಡಿ ಇಡ್ಲಿಕ್ಕೆ ಉಂಟಾ?"

"ಯಾರು ಇಡ್ಲಿಕ್ಕೆ? ನಾನು ಬೆಳಿಗ್ಗೆ ಏಳೂವರೆ ಬಸ್ಸಿಗೆ ಹೋದರೆ ಸಂಜೆಗೆ ಬರುವುದು."

ಅವನು ತನ್ನ ಮೆಷಿನಿನಿಂದಲೇ ಮಸಿ ಸುಡಿಸಿದ. ಅರ್ಧ ಗಂಟೆ ಫ್ಯಾನು ಭೋರೆಂದು ತಿರುಗಿತು, ಕಬ್ಬಿಣ ಕಾದ ವಾಸನೆ ಬಂತು. ಹೊರಡುವಾಗ ಒಂದು ಉಪಾಯ ಹೇಳಿದ. ಕಡೆಯ ಸಲ ದೋಷ ಅಳಿಸಿದ ಮೇಲೆ ಕಾರು ಎಷ್ಟು ಕಿಲೋಮೀಟರ್ ಹೋಗಿದೆ, ಇಂಜಿನ್ ಎಷ್ಟು ಹೊತ್ತು ತಿರುಗಿದೆ ಎಂಬುದು ನನ್ನ ಪುಟ್ಟ ಸ್ಕ್ಯಾನರಿನಲ್ಲೂ ಕಾಣುತ್ತದಂತೆ. ಎರಡನ್ನೂ ನೋಡುತ್ತಿರಿ ಎಂದ.

ಮೂರು ವಾರ ಕಳೆದು ನೋಡಿದೆ. ಕಿಲೋಮೀಟರ್ ಸರಿಯಾಗಿತ್ತು. ಉಪ್ಪಳದಿಂದ ಮನೆಗೆ, ಎರಡು ಸಲ ಆಸ್ಪತ್ರೆಗೆ, ಪೆರ್ಲದಲ್ಲಿ ಒಂದು ಮದುವೆಗೆ. ಆದರೆ ಇಂಜಿನ್ ತಿರುಗಿದ ಹೊತ್ತು ನಾನು ಓಡಿಸಿದ್ದಕ್ಕಿಂತ ಮೂರು ಗಂಟೆಗೂ ಹೆಚ್ಚು. ನಾನು ಇಲ್ಲದಾಗ ಯಾರಾದರೂ ಕಾರು ಕೊಂಡುಹೋಗುತ್ತಿದ್ದಾರೋ ಎಂದು ಮೊದಲು ಅನುಮಾನವಾಯಿತು. ಹಾಗಾದರೆ ಕಿಲೋಮೀಟರೂ ಏರಬೇಕಿತ್ತಲ್ಲ. ಬಗ್ಗಿ ಸ್ಕ್ಯಾನರ್ ಕೀಳುವಾಗ ಕ್ಲಚ್ ಪೆಡಲ್ ಕಣ್ಣಿಗೆ ಬಿತ್ತು. ಅದರ ರಬ್ಬರಿನ ಮೇಲೆ ಕೆಂಪು ಮಣ್ಣಿನ ಒಂದು ದುಂಡನೆಯ ಗುರುತು. ಒಂದಲ್ಲ, ಒಂದರ ಮೇಲೊಂದು ಹತ್ತಾರು ಗುರುತು.

ಈ ಕಾರಿಗೆ ಕ್ಲಚ್ ಒತ್ತದೆ ಸ್ಟಾರ್ಟ್ ಆಗುವ ಕ್ರಮವಿಲ್ಲ. ಇವರ ಎಡಗಾಲು ಕ್ಲಚ್ ಒತ್ತುವಷ್ಟು ಗಟ್ಟಿಯಿಲ್ಲ. ಹಾಗಾಗಿ ನಡೆಯುವಾಗ ಹಿಡಿಯುವ ಊರುಗೋಲಿನ ದುಂಡು ತುದಿಯಿಂದ ಒತ್ತಿ, ಬಲಗೈಯಲ್ಲಿ ಕೀ ತಿರುಗಿಸುತ್ತಿದ್ದರು.

ಬೀಡಿ ಕಟ್ಟುವ ಅಕ್ಕನನ್ನು ಕೇಳಿದೆ. ಅವಳು ಎಲೆ ಕತ್ತರಿಸುವ ಕೈ ನಿಲ್ಲಿಸಲಿಲ್ಲ.

"ನಿಮಗೆ ಗೊತ್ತಿಲ್ವಾ? ನೀವು ಆಫೀಸಿಗೆ ಹೋದ ದಿನವೆಲ್ಲ ಹತ್ತು ಗಂಟೆಗೆ ಸರಿಯಾಗಿ ಸ್ಟಾರ್ಟ್. ಹತ್ತು ನಿಮಿಷ ಒಳಗೆ ಕೂತುಕೊಳ್ತಾರೆ, ಮತ್ತೆ ಒಂದು ಬಟ್ಟೆಯಲ್ಲಿ ಗ್ಲಾಸ್ ಒರೆಸ್ತಾರೆ. ನಾನು ಗಡಿಯಾರ ನೋಡುವುದೇ ಬಿಟ್ಟಿದ್ದೇನೆ."

ನನಗೆ ಸಿಟ್ಟು ಬರಲಿಲ್ಲ. ಯಾಕೆಂದರೆ ಈ ಕೆಲಸ ಎಲ್ಲಿಂದ ಬಂತೆಂದು ನನಗೆ ಗೊತ್ತು. ಇವರು ಗಲ್ಫಿನಲ್ಲಿದ್ದಾಗ ಮನೆಯಲ್ಲಿ ಒಂದು ಹಳೇ ಕಾರಿತ್ತು. ಫೋನ್ ಮಾಡಿದರೆ ಊಟ ಆಯಿತಾ ಎಂದು ಕೇಳುವ ಮೊದಲು ಗಾಡಿ ಸ್ಟಾರ್ಟ್ ಮಾಡಿದ್ಯಾ ಎಂದು ಕೇಳುತ್ತಿದ್ದರು. ಬ್ಯಾಟರಿ ಕೂತುಹೋಗಬಾರದು, ಇಂಜಿನ್ ಜಾಮ್ ಆಗಬಾರದು. ನಮ್ಮಲ್ಲಿ ಗಂಡಸರು ಗಲ್ಫಿನಲ್ಲಿರುವ ಮನೆಗಳಲ್ಲೆಲ್ಲ ಇದೇ ಕ್ರಮ. ಗಾಡಿ ಬಿಡಲು ಬಾರದ ಹೆಂಗಸರು, ಮುದುಕರು ದಿನಕ್ಕೆ ಹತ್ತು ನಿಮಿಷ ಅಂಗಳದಲ್ಲೇ ಇಂಜಿನ್ ತಿರುಗಿಸಿ ಇಡುತ್ತಾರೆ. ನಾನೂ ವರ್ಷಗಟ್ಟಲೆ ಒಂದು ದಿನ ತಪ್ಪದೆ ಹಾಗೆ ಮಾಡಿದವಳು. ಆ ಹಳೇ ಕಾರಿಗೆ ಅದರಿಂದ ಏನೂ ಆಗಲಿಲ್ಲ. ಈಗ ಗಾಡಿ ಬಿಡಲಾಗದೆ ಮನೆಯಲ್ಲಿ ಕೂತವರು ಇವರು, ಅದಕ್ಕೆ ಆ ಕೆಲಸ ಇವರ ಪಾಲಿಗೆ ಬಂದಿತ್ತು.

ಬೇಡ ಎಂದು ಹೇಳಲು ನನಗೆ ಬಾಯಿ ಬರಲಿಲ್ಲ. ದಿನದಲ್ಲಿ ಇವರಿಗೆ ಇದ್ದದ್ದು ಅದೊಂದೇ ಕೆಲಸ. ಓಡಿಸಿಯೇ ಮಸಿ ಸುಡುವ ಇನ್ನೊಂದು ದಾರಿ ಹುಡುಕಿದೆ. ಹೆದ್ದಾರಿಯನ್ನು ಅಗಲ ಮಾಡಲು ಅಗೆದು ಹಾಕಿದ್ದರಿಂದ ಅಲ್ಲಿ ಒಂದೇ ವೇಗದಲ್ಲಿ ಹೋಗುವುದು ಕನಸಿನ ಮಾತು. ಆದರೆ ನಂದಾರಪದವಿನಿಂದ ಪೈವಳಿಕೆ ಕಡೆಗೆ ಗುಡ್ಡದ ಮೇಲೆ ಹೊಸ ರಸ್ತೆ ಇದೆ, ನುಣ್ಣಗೆ, ಬೆಳಿಗ್ಗೆ ಖಾಲಿ. ವಾರಕ್ಕೆ ಮೂರು ದಿನ ಆರು ಗಂಟೆಗೆ ಇವರನ್ನು ಪಕ್ಕದಲ್ಲಿ ಕೂರಿಸಿಕೊಂಡು ಹೊರಡುತ್ತಿದ್ದೆ. ಮೆಕ್ಯಾನಿಕ್ ಹೇಳಿದಂತೆ ಮೂರನೇ ಗೇರಿನಲ್ಲೇ ಹಿಡಿದು, ಇಂಜಿನ್ ಕೂಗುವಂತೆ ಓಡಿಸಬೇಕು. ಇವರಿಗೆ ಅದು ಪ್ರಾಣಸಂಕಟ.

"ನಾಲ್ಕಕ್ಕೆ ಹಾಕು."

"ಬೇಡವಂತೆ."

"ಯಾರು ಹೇಳಿದ್ದು? ಇಂಜಿನ್ ಬೊಬ್ಬೆ ಹೊಡೀತಾ ಉಂಟು, ನಿನಗೆ ಕೇಳುದಿಲ್ವಾ?"

"ಗಾಳಿಗೆ ಬಂದದ್ದಲ್ಲವಾ ನೀವು. ಗಾಳಿ ನೋಡಿ."

ಅರ್ಧ ದಾರಿಯಲ್ಲಿ ಒಂದು ಅಂಗಡಿಯಲ್ಲಿ ಚಹಾ ಕುಡಿಯುತ್ತಿದ್ದೆವು. ಇವರು ಕಾರಿನಿಂದ ಇಳಿಯದೆ ಗ್ಲಾಸನ್ನು ಕಿಟಕಿಯಿಂದಲೇ ತೆಗೆದುಕೊಳ್ಳುತ್ತಿದ್ದರು. ಮಸಿಯ ವಿಷಯ ನಾನು ಹೇಳಲೇ ಇಲ್ಲ, ಗಾಳಿಗೆಂದೇ ಹೇಳಿದೆ. ಹತ್ತು ಗಂಟೆಯ ಸ್ಟಾರ್ಟೂ ನಡೆಯುತ್ತಿತ್ತು, ಆದರೂ ಎರಡು ತಿಂಗಳು ಚಿತ್ರ ಹೊತ್ತಲಿಲ್ಲ. ಕಾಯಿಲೆ ಬಂದ ಮೇಲಿನ ದಿನಗಳಲ್ಲಿ ಅವೇ ಚೆನ್ನಾಗಿದ್ದವು.

ಆಮೇಲೆ ಚುನಾವಣೆ ಬಂತು. ಕಲೆಕ್ಟರೇಟಿನಲ್ಲಿ ಗುಮಾಸ್ತರಾಗಿ ಇದ್ದವರಿಗೆ ಚುನಾವಣೆ ಎಂದರೆ ಏನೆಂದು ಬೇರೆಯವರಿಗೆ ಹೇಳಿ ಪ್ರಯೋಜನವಿಲ್ಲ. ಬೆಳಿಗ್ಗಿನ ಮೊದಲ ಬಸ್ಸು, ವಾಪಸು ಬರುವಾಗ ಮೈಯಲ್ಲಿ ಜೀವವಿಲ್ಲ. ಗುಡ್ಡದ ರಸ್ತೆ ತಪ್ಪಿಹೋಯಿತು. ನಾಳೆ ಹೋಗುವ ಎಂದುಕೊಂಡೇ ಒಂದು ತಿಂಗಳು ಕಳೆದೆ. ಸ್ಕ್ಯಾನರ್ ಕೂಡ ಮುಟ್ಟಲಿಲ್ಲ.

ಚುನಾವಣೆ ಮುಗಿದ ಮೊದಲ ಶನಿವಾರ, ಮಧ್ಯಾಹ್ನದ ಊಟಕ್ಕೆ ಕೂತಿದ್ದೆವು. ಇವರು ಉಪ್ಪಿನಕಾಯಿ ಕೇಳಿದರು. ಕೇಳಿದ್ದು ಉಪ್ಪಿನಕಾಯಿಯೇ ಎಂದು ಅವರ ಬೆರಳು ನೋಡಿ ಗೊತ್ತಾಯಿತು, ಮಾತು ನೋಡಿ ಅಲ್ಲ. ನಾಲಿಗೆ ದಪ್ಪವಾಗಿತ್ತು. ನಾನು ಕೈ ತೊಳೆಯಲಿಲ್ಲ. ಬೀಡಿ ಕಟ್ಟುವ ಅಕ್ಕನನ್ನು ಕೂಗಿದೆ, ಇಬ್ಬರೂ ಸೇರಿ ಎತ್ತಿ ಕಾರಿನಲ್ಲಿ ಕೂರಿಸಿದೆವು. ಕಾರು ಒಂದೇ ಸಲಕ್ಕೆ ಸ್ಟಾರ್ಟ್ ಆಯಿತು. ಮುಡಿಪಿನವರೆಗೆ ಚೆನ್ನಾಗಿಯೇ ಹೋಯಿತು.

ಏರು ಶುರುವಾಗುವಲ್ಲಿ ಹಳದಿ ಚಿತ್ರ ಹೊತ್ತಿತು. ಕಾಲಿನ ಕೆಳಗೆ ಪೆಡಲ್ ಇತ್ತು, ಅದನ್ನು ತುಳಿದರೆ ಏನೂ ಆಗುತ್ತಿರಲಿಲ್ಲ. ನಡೆದುಕೊಂಡು ಹೋಗುವ ಒಬ್ಬ ನಮ್ಮ ಜೊತೆಜೊತೆಗೇ ಬರುವಷ್ಟು ನಿಧಾನ. ನಿಲ್ಲಿಸಿ ಬೇರೆ ಗಾಡಿಗೆ ಕೈ ಮಾಡಲೇ ಎಂದುಕೊಂಡೆ. ನಿಲ್ಲಿಸಿದರೆ ಮತ್ತೆ ಏಳದಿದ್ದರೆ ಎಂಬ ಭಯ. ಸ್ಕ್ಯಾನರ್ ಬ್ಯಾಗಿನಲ್ಲಿತ್ತು. ಬ್ಯಾಗು ಹಿಂದಿನ ಸೀಟಿನಲ್ಲಿತ್ತು. ಕೈಗೆ ಸಿಕ್ಕಿದ್ದರೂ ಅದು ಹೇಳುವುದು ನನಗೆ ಬಾಯಿಪಾಠ ಬರುತ್ತಿತ್ತು. ಪಿ 2463 ಎಂದು ಗೊತ್ತಿದ್ದು ನಾನೇನು ಮಾಡಲಿ? ನಾನು ಜೋರಾಗಿ ಅಳುತ್ತಿದ್ದೆ. ಇವರು ಬಲಗೈಯಿಂದ ನನ್ನ ಭುಜ ಮುಟ್ಟಿ ಏನೋ ಹೇಳಿದರು. ಗೇರು ಇಳಿಸು ಎಂದಿರಬೇಕು.

ಅರ್ಧ ಗಂಟೆಯ ದಾರಿಗೆ ಒಂದು ಗಂಟೆಯಾಯಿತು. ಎರಡನೇ ಸಲದ ಪಾರ್ಶ್ವವಾಯು ಅಲ್ಲವೆಂದು ಡಾಕ್ಟರು ಸಂಜೆ ಹೇಳಿದರು, ರಕ್ತದಲ್ಲಿ ಉಪ್ಪಿನ ಅಂಶ ಇಳಿದದ್ದಂತೆ. ಎರಡು ದಿನ ಡ್ರಿಪ್ ಹಾಕಿ, ಮಾತು ಸರಿಯಾಗಿ, ಮನೆಗೆ ಬಿಟ್ಟರು. ಅಲ್ಲವೆಂದು ಕೇಳಿದ ಮೇಲೂ ಹೌದಾಗಿದ್ದರೆ ಎಂಬ ಯೋಚನೆ ಆ ಎರಡು ದಿನವೂ ನನ್ನನ್ನು ತಿಂದಿತು.

ಆ ಬಡ ಕಾರಿನಲ್ಲೇ ತೆವಳಿಕೊಂಡು ಮನೆಗೆ ಬಂದೆವು. ಅಂಗಳದಲ್ಲಿ ಇಳಿದವರು ನೇರ ಒಳಗೆ ಹೋಗಬೇಕಲ್ಲ, ಊರುಗೋಲು ಊರಿಕೊಂಡು ಮುಂದಕ್ಕೆ ಬಂದು ಬಾನೆಟ್ಟಿನ ಮೇಲೆ ಕೈಯಿಟ್ಟರು.

"ಇದಕ್ಕೆ ಹತ್ತು ನಿಮಿಷ ಸಾಲುದಿಲ್ಲ ಅಂತ ಕಾಣ್ತದೆ. ನಾಳೆಯಿಂದ ಇನ್ನೂ ಸ್ವಲ್ಪ ಹೊತ್ತು ಸ್ಟಾರ್ಟಿನಲ್ಲಿ ಇಡ್ತೇನೆ."

ಎರಡು ದಿನದಿಂದ ನುಂಗಿಕೊಂಡದ್ದೆಲ್ಲ ಹೊರಗೆ ಬಂತು. "ನೀವು ಸ್ಟಾರ್ಟ್ ಮಾಡಿ ಮಾಡಿಯೇ ಇದು ಹಾಳಾದದ್ದು," ಎಂದೆ. "ನಿಂತಲ್ಲೇ ಇಟ್ಟು ಮಸಿ ತುಂಬಿಸಿದ್ದು ನೀವು. ನಿಮ್ಮಿಂದಾಗಿಯೇ ಅವತ್ತು ಏರಿನಲ್ಲಿ ನಿಮ್ಮ ಜೀವ ಹೋಗ್ತಿತ್ತು." ಬೀಡಿ ಕಟ್ಟುವ ಅಕ್ಕನ ಕತ್ತರಿ ನಿಂತಿತು. ಒಂದು ತಿಂಗಳು ಗುಡ್ಡದ ರಸ್ತೆಗೆ ಹೋಗದೆ ಬಿಟ್ಟದ್ದು ನಾನು, ಮೂರು ಸಲ ಲೈಟ್ ಅಳಿಸಿದ್ದು ನಾನು. ಅದನ್ನು ಹೇಳಲಿಲ್ಲ.

ಇವರು ಬಾನೆಟ್ಟಿನಿಂದ ಕೈ ತೆಗೆದರು.

"ನಿನಗೆ ಗಾಡಿ ಕೈಕೊಡಬಾರದು ಅಂತ ನಾನು ಮಾಡಿದ್ದು," ಎಂದರು. "ನನಗೆ ಎಂತಾದರೂ ಆದ ದಿನ ನೀನೊಬ್ಬಳೇ ಅಲ್ವಾ ಇರುವುದು."

ಅಂಗಿಯ ಕಿಸೆಯಿಂದ ಇನ್ನೊಂದು ಕೀ ತೆಗೆದು ನನ್ನ ಕೈಯಲ್ಲಿಟ್ಟರು. ಕಾಯಿಲೆಯಾದ ದಿನದಿಂದಲೂ ಅದು ಆ ಕಿಸೆಯಲ್ಲೇ ಇದ್ದದ್ದು ಎಂದು ನನಗೆ ಆಗ ತಿಳಿಯಿತು.

ಉಪ್ಪಳದ ಮೆಕ್ಯಾನಿಕ್ ಮತ್ತೊಮ್ಮೆ ಮಸಿ ಸುಟ್ಟುಕೊಟ್ಟ. ಅಲ್ಲಿಂದ ಈಚೆಗೆ ಹಳದಿ ಚಿತ್ರ ಹೊತ್ತಿಲ್ಲ. ಗುಡ್ಡದ ರಸ್ತೆಗೆ ಈಗ ನಾನೊಬ್ಬಳೇ ಹೋಗುತ್ತೇನೆ. ಕರೆದರೆ ಇವರು, ನೀನು ಹೋಗಿ ಬಾ, ನನಗೆ ಗಾಳಿ ಕಿಟಕಿಯಲ್ಲೇ ಬರ್ತದೆ ಎನ್ನುತ್ತಾರೆ. ಸ್ಕ್ಯಾನರ್ ಚುಚ್ಚಿದರೆ ಯಾವ ದೋಷವೂ ಇಲ್ಲ ಎಂದು ತೋರಿಸುತ್ತದೆ. ಕಿಲೋಮೀಟರೂ ಹೊತ್ತೂ ತಾಳೆಯಾಗುತ್ತವೆ.

ಒಂದೂವರೆ ತಿಂಗಳ ನಂತರ ಫಿಸಿಯೋಥೆರಪಿಯ ಹುಡುಗಿ ಇವರ ಎಡಗಾಲನ್ನು ಮಡಚಿ ಬಿಡಿಸಿ ನೋಡಿ ಮುಖ ಸಣ್ಣ ಮಾಡಿದಳು.

"ಕಾಲು ಬಿಗಿ ಆಗಿದೆ ಅಲ್ಲಾ ಅಂಕಲ್. ಮೊದಲು ಒಳ್ಳೆಯದಾಗ್ತಾ ಬಂದಿತ್ತು. ದಿನಾ ನಡೀತಿದ್ರಿ ಅಲ್ವಾ, ಈಗ ಯಾಕೆ ನಿಲ್ಲಿಸಿದ್ದು?"

"ನಡೆದು ಎಲ್ಲಿಗೆ ಹೋಗ್ಲಿಕ್ಕೆ ಉಂಟು ನನಗೆ?" ಎಂದರು ಇವರು, ನಗುತ್ತಲೇ.

ಅವಳಿಗೆ ಅರ್ಥವಾಗಲಿಲ್ಲ. ನನಗೆ ಅರ್ಥವಾಯಿತು. ಮನೆಗೆ ಬಂದು ಜಗಲಿಯಿಂದ ಶೆಡ್ಡಿನವರೆಗೆ ನಡೆದು ನೋಡಿದೆ. ಎರಡು ಮೆಟ್ಟಿಲು ಇಳಿದು, ತುಳಸಿಕಟ್ಟೆ ಬಳಸಿ, ನಲವತ್ತು ಹೆಜ್ಜೆ. ವಾಪಸು ನಲವತ್ತು. ಅಷ್ಟು ದಿನ ಎಡಗಾಲನ್ನು ಉಳಿಸಿದ್ದು ಅದೇ ನಡಿಗೆ.

ಕೀಯನ್ನು ಅವರ ಅಂಗಿಯ ಕಿಸೆಗೇ ಹಾಕಿಟ್ಟೆ. ಅಂಗಿ ಬದಲಿಸುವಾಗ ತೆಗೆದು ಕಿಟಕಿಯ ದಂಡೆಯಲ್ಲಿಟ್ಟರು, ಅಲ್ಲೇ ಉಳಿಯಿತು. ಹೋಗಿ ಗ್ಲಾಸಾದರೂ ಒರೆಸಿ ಬನ್ನಿ ಎಂದೆ. ನೀನು ಚೆನ್ನಾಗಿಯೇ ಇಟ್ಟಿದ್ದೀಯಲ್ಲ ಎಂದರು. ತಪ್ಪಾಯಿತು, ಸಿಟ್ಟಿನಲ್ಲಿ ಅಂದದ್ದು ಎಂದೂ ಹೇಳಿದೆ. "ನೀನು ಹೇಳಿದ್ದರಲ್ಲಿ ಸುಳ್ಳು ಎಂತ ಉಂಟು?" ಎಂದು ನನ್ನನ್ನೇ ಕೇಳಿದರು. ಅವರಿಗೆ ಸಿಟ್ಟಿರಲಿಲ್ಲ. ಸಿಟ್ಟಾದರೂ ಇದ್ದಿದ್ದರೆ ಎಂದು ನನಗೆ ಅನಿಸಿತು.

ಕಳೆದ ಭಾನುವಾರ ಹತ್ತು ಗಂಟೆಗೆ ನಾನೇ ಶೆಡ್ಡಿಗೆ ಹೋಗಿ ಕಾರು ಸ್ಟಾರ್ಟ್ ಮಾಡಿದೆ. ಎಲ್ಲಿಗೂ ಹೊರಟಿರಲಿಲ್ಲ. ಬಾಗಿಲು ತೆರೆದಿಟ್ಟು, ಇಂಜಿನ್ ತಿರುಗಲು ಬಿಟ್ಟು ಸೀಟಿನಲ್ಲಿ ಕೂತೆ. ಬೈಯಲಿಕ್ಕಾದರೂ ಇಳಿದು ಬರಲಿ ಎಂಬ ಆಸೆ. ಬೀಡಿ ಕಟ್ಟುವ ಅಕ್ಕ ತಲೆಯೆತ್ತಿ ಶೆಡ್ಡಿನ ಕಡೆ ನೋಡಿದಳು, ನಾನು ಎಂದು ಕಂಡು ಮತ್ತೆ ತಲೆ ತಗ್ಗಿಸಿದಳು. ನಾಲ್ಕೈದು ನಿಮಿಷ ಆಗಿರಬಹುದು. ಜಗಲಿಯಲ್ಲಿ ಊರುಗೋಲಿನ ಸದ್ದಿಗೆ ಕಿವಿಗೊಟ್ಟು ಕಾದೆ.

ಬಂದದ್ದು ಒಳಗಿನ ಕಿಟಕಿಯಿಂದ ಅವರ ಸ್ವರ.

"ಆಫ್ ಮಾಡು ಮಾರಾಯ್ತಿ. ನಿಂತಲ್ಲೇ ಇಟ್ಟರೆ ಹಾಳಾಗ್ತದೆ ಅಂತ ನೀನೇ ಹೇಳಿದ್ದಲ್ವಾ?"

ಆಫ್ ಮಾಡಿದೆ.